ಮನೆಮಾತಿಗೆ ಅಕ್ಷರ, ಬದುಕಿಗೆ ಓದು: ಸಿಂಗಾನಲ್ಲೂರಿನ ಕನ್ನಡ ಮನೆಗಳಿಗೆ ಬಹಿರಂಗ ಪತ್ರ

ಸಿಂಗಾನಲ್ಲೂರಿನಲ್ಲೂ ಅದರ ಸುತ್ತಲಿನ ಕೊಯಮತ್ತೂರು, ತಿರುಪ್ಪೂರು ಸೀಮೆಯಲ್ಲೂ ಕನ್ನಡವನ್ನು ಮನೆಮಾತಾಗಿ ಉಳಿಸಿಕೊಂಡು ಬಂದಿರುವ ಹಿರಿಯರಿಗೆ, ಅಕ್ಕತಂಗಿಯರಿಗೆ, ಅಣ್ಣತಮ್ಮಂದಿರಿಗೆ,

ಪುಸ್ತಕ ಓದಿ ಬದುಕು ಬದಲಾಯಿತು ಎಂಬ ಮಾತು ಎಷ್ಟೋ ಸಲ ಬರಿಯ ಹೊಗಳಿಕೆಯಾಗಿ ಕೇಳಿಸುತ್ತದೆ. ಆದರೆ ಅದು ನಿಜವಾಗಿ ನಡೆದ ಕಡೆಗಳನ್ನು ಹತ್ತಿರದಿಂದ ನೋಡಿದರೆ, ಅಲ್ಲೊಂದು ಗೊತ್ತಾದ ಹೊತ್ತು, ಗೊತ್ತಾದ ಜಾಗ, ಓದು ಮುಗಿದ ಮೇಲೆ ಕೈಗೆತ್ತಿಕೊಂಡ ಒಂದು ಕೆಲಸ ಇದ್ದೇ ಇರುತ್ತವೆ. ಆ ಕೆಲಸವಿಲ್ಲದಿದ್ದರೆ ಓದಿದ್ದು ಓದಿದಲ್ಲಿಗೇ ನಿಲ್ಲುತ್ತದೆ.

1904ರಲ್ಲಿ ದಕ್ಷಿಣ ಆಫ್ರಿಕಾದ ಜೋಹಾನ್ಸ್‌ಬರ್ಗ್ ರೈಲು ನಿಲ್ದಾಣದಲ್ಲಿ ಗೆಳೆಯ ಹೆನ್ರಿ ಪೋಲಾಕ್ ಗಾಂಧಿಯವರ ಕೈಗೆ ಜಾನ್ ರಸ್ಕಿನ್ ಬರೆದ ‘ಅನ್‌ಟು ದಿಸ್ ಲಾಸ್ಟ್’ ಎಂಬ ಸಣ್ಣ ಪುಸ್ತಕವನ್ನು ಕೊಟ್ಟರು. ಡರ್ಬನ್ ತಲುಪಲು ಇಪ್ಪತ್ತನಾಲ್ಕು ಗಂಟೆಯ ಪ್ರಯಾಣ. ಹಿಡಿದ ಪುಸ್ತಕವನ್ನು ಕೆಳಗಿಡಲು ಗಾಂಧಿಯವರಿಗೆ ಆಗಲಿಲ್ಲ, ಆ ರಾತ್ರಿ ನಿದ್ದೆಯೂ ಬರಲಿಲ್ಲ. ವಕೀಲನ ದುಡಿಮೆಗೂ ಕ್ಷೌರಿಕನ ದುಡಿಮೆಗೂ ಒಂದೇ ಬೆಲೆ, ಮೈ ಬಗ್ಗಿಸಿ ದುಡಿಯುವ ರೈತನ ಮತ್ತು ಕೈಕಸುಬಿನವನ ಬದುಕೇ ಬಾಳತಕ್ಕ ಬದುಕು ಎಂಬ ತಿಳಿವು ಅವರಿಗೆ ಅಲ್ಲಿ ಸಿಕ್ಕಿತು. ತಮ್ಮೊಳಗೆ ಮೊದಲೇ ಆಳದಲ್ಲಿದ್ದ ನಂಬಿಕೆಗಳನ್ನೇ ಆ ಪುಸ್ತಕದಲ್ಲಿ ಕಂಡೆ ಎಂದು ಅವರು ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ಅದೇ ವರ್ಷ ಡರ್ಬನ್ ಸಮೀಪದ ಫೀನಿಕ್ಸ್‌ನಲ್ಲಿ ಜಮೀನು ಕೊಂಡದ್ದಾಯಿತು, ಅಚ್ಚುಕೂಟ ಅಲ್ಲಿಗೆ ಸಾಗಿತು, ಡಿಸೆಂಬರ್ ಮುಗಿಯುವುದರೊಳಗೆ ‘ಇಂಡಿಯನ್ ಒಪಿನಿಯನ್’ ಪತ್ರಿಕೆ ಆ ಹೊಲದಿಂದಲೇ ಹೊರಬಂತು.

ಎಲ್ಲ ಬದಲಾವಣೆಯೂ ಇಷ್ಟು ಬೇಗ ಆಗುವುದಿಲ್ಲ. 1907ರಲ್ಲಿ ಭೀಮರಾವ್ ಅಂಬೇಡ್ಕರ್ ಮೆಟ್ರಿಕ್ಯುಲೇಷನ್ ಮುಗಿಸಿದಾಗ ಕೃಷ್ಣರಾವ್ ಅರ್ಜುನ ಕೇಳುಸ್ಕರ್ ಎಂಬ ಗುರುಗಳು ತಾವೇ ಬರೆದ ಬುದ್ಧಚರಿತ್ರೆಯನ್ನು ಉಡುಗೊರೆಯಾಗಿ ಕೊಟ್ಟರು. ಅಂಬೇಡ್ಕರ್ ಬೌದ್ಧ ದೀಕ್ಷೆ ತೆಗೆದುಕೊಂಡದ್ದು 1956ರ ಅಕ್ಟೋಬರ್ 14ರಂದು, ನಾಗಪುರದಲ್ಲಿ. ನಡುವೆ ಸುಮಾರು ಅರ್ಧ ಶತಮಾನ. ಹದಿಹರೆಯದ ಹುಡುಗನ ಕೈಸೇರಿದ ಒಂದು ಪುಸ್ತಕ ಅಷ್ಟು ಕಾಲ ಒಳಗೇ ಇದ್ದು, ಕೊನೆಗೆ ಲಕ್ಷಾಂತರ ಜನರ ಹೊಸ ಬದುಕಿಗೆ ದಾರಿಯಾಯಿತು. ಮಕ್ಕಳಿಗೆ ಪುಸ್ತಕ ಕೊಟ್ಟು ಮರುವರ್ಷವೇ ಫಲ ಕೇಳುವ ತಂದೆತಾಯಿಯರು ನೆನಪಿಡಬೇಕಾದ ಸಂಗತಿ ಇದು.

ಕೊಯಮತ್ತೂರಿನಲ್ಲೇ ಇಂಥದೊಂದು ಕಥೆಯಿದೆ, ಅದೂ ಸೆರೆಮನೆಯ ಗೋಡೆಯೊಳಗೆ. ತೂತ್ತುಕುಡಿಯಲ್ಲಿ ಬ್ರಿಟಿಷರ ಎದುರು ಸ್ವದೇಶಿ ಹಡಗು ಕಂಪನಿ ನಡೆಸಿದ ವ. ಉ. ಚಿದಂಬರಂ ಪಿಳ್ಳೆಯವರನ್ನು 1908ರಲ್ಲಿ ಇಲ್ಲಿನ ಕೇಂದ್ರ ಕಾರಾಗೃಹಕ್ಕೆ ತಂದರು. ವಕೀಲರಾಗಿದ್ದ ಅವರನ್ನು ಎತ್ತಿನ ಜಾಗದಲ್ಲಿ ಕಟ್ಟಿ ಗಾಣ ಎಳೆಸಿದರು. ಆ ಗಾಣವನ್ನು ಇಂದಿಗೂ ಸ್ಮಾರಕವಾಗಿ ಉಳಿಸಿಕೊಂಡಿದ್ದಾರೆ. ಆ ಸೆರೆವಾಸದ ವರ್ಷಗಳಲ್ಲಿ ಅವರು ಇಂಗ್ಲೆಂಡಿನ ಜೇಮ್ಸ್ ಅಲೆನ್ ಎಂಬ ಲೇಖಕನ ‘ಆ್ಯಸ್ ಎ ಮ್ಯಾನ್ ಥಿಂಕೆತ್’ ಎಂಬ ಚಿಕ್ಕ ಪುಸ್ತಕ ಓದಿ ಅದನ್ನು ತಮಿಳಿಗೆ ತಂದರು. ಮನಸ್ಸು ಹೇಗೋ ಬಾಳೂ ಹಾಗೆ ಎಂಬುದು ಅದರ ತಿರುಳು. ಅಲೆನ್ ಲೆಸ್ಟರ್ ಪಟ್ಟಣದಲ್ಲಿ ಹೆಣಿಗೆ ಕೆಲಸದವನೊಬ್ಬನ ಮಗ, ಹದಿನೈದಕ್ಕೇ ಶಾಲೆ ಬಿಟ್ಟು ದುಡಿಮೆಗೆ ಇಳಿದವನು. ನೂಲು ನೇಯ್ಗೆಯ ಊರಿನ ಹುಡುಗನೊಬ್ಬ ಬರೆದದ್ದು ಕಡಲು ದಾಟಿ, ನೂಲು ನೇಯ್ಗೆಯದೇ ಇನ್ನೊಂದು ಊರಿನ ಸೆರೆಯಲ್ಲಿದ್ದವನ ಕೈ ಸೇರಿತು. ಗಾಣ ಎಳೆದು ಬಸವಳಿದ ಮೈಯಲ್ಲಿ ಓದಲು ಕೂತು, ಓದಿದ್ದನ್ನು ತನ್ನ ಭಾಷೆಗೆ ತರಲು ಲೇಖನಿ ಹಿಡಿಯುವುದು ಸಣ್ಣ ಮಾತಲ್ಲ. ಹಡಗು ಕಂಪನಿ ಮುಳುಗಿತು, ವಕೀಲಿಕೆಯ ಸನ್ನದು ಹೋಯಿತು. ಆದರೆ 1912ರಲ್ಲಿ ಹೊರಬಂದ ಚಿದಂಬರಂ ಪಿಳ್ಳೆ ಬರಹಗಾರರಾಗಿಯೂ ಹಳೆಯ ತಮಿಳು ಗ್ರಂಥಗಳ ಸಂಪಾದಕರಾಗಿಯೂ ಇನ್ನೊಂದು ಬಾಳು ಬಾಳಿದರು.

ಕನ್ನಡದಲ್ಲಿ ಈ ಬಗೆಯ ಹೊಸ ಆರಂಭಕ್ಕೆ ನಂಜನಗೂಡು ತಿರುಮಲಾಂಬ ಅವರಿಗಿಂತ ದೊಡ್ಡ ಉದಾಹರಣೆ ಸಿಗುವುದು ಕಷ್ಟ. 1887ರಲ್ಲಿ ಹುಟ್ಟಿದ ಅವರಿಗೆ ಎಳವೆಯಲ್ಲೇ ಮದುವೆಯಾಯಿತು, ಹದಿನಾಲ್ಕರ ವಯಸ್ಸಿಗೆ ಗಂಡ ತೀರಿಕೊಂಡರು. ಆ ಕಾಲದಲ್ಲಿ ಹಾಗಾದ ಹೆಣ್ಣುಮಗುವಿನ ಪಾಲಿಗೆ ಉಳಿಯುತ್ತಿದ್ದದ್ದು ಅಡುಗೆಮನೆಯ ಮೂಲೆ ಮತ್ತು ಮೌನ. ವಕೀಲರಾಗಿದ್ದ ತಂದೆ ಮಗಳ ಕೈಗೆ ಪುಸ್ತಕ ಕೊಟ್ಟರು. ಓದುತ್ತ ಹೋದವರು ಬರೆಯಲು ತೊಡಗಿದರು. 1913ರಲ್ಲಿ ‘ಸತೀ ಹಿತೈಷಿಣೀ’ ಗ್ರಂಥಮಾಲೆ ಆರಂಭಿಸಿ ‘ಸುಶೀಲೆ’ ಕಾದಂಬರಿ ಪ್ರಕಟಿಸಿದರು, ಮುಂದೆ ‘ಕರ್ಣಾಟಕ ನಂದಿನಿ’ ಎಂಬ ಪತ್ರಿಕೆಯ ಸಂಪಾದಕಿಯಾದರು. ಹೊಸಗನ್ನಡದಲ್ಲಿ ಲೇಖಕಿ, ಪ್ರಕಾಶಕಿ, ಪತ್ರಕರ್ತೆ ಈ ಮೂರೂ ಆದ ಮೊದಲಿಗರಲ್ಲಿ ಅವರು ಬರುತ್ತಾರೆ. ಮಗಳಿಗೆ ಓದಲು ಕೊಟ್ಟ ಆ ತಂದೆಯ ನಿರ್ಧಾರವನ್ನು ಮರೆಯಬಾರದು. ಪುಸ್ತಕ ತಾನಾಗಿ ಯಾರ ಮನೆಗೂ ನಡೆದು ಬರುವುದಿಲ್ಲ. ಪೋಲಾಕ್, ಕೇಳುಸ್ಕರ್, ತಿರುಮಲಾಂಬ ಅವರ ತಂದೆ, ಹೀಗೆ ಈ ಮೂರು ಕಥೆಗಳಲ್ಲೂ ಪುಸ್ತಕವನ್ನು ಕೈಗಿತ್ತ ಒಬ್ಬರು ಇದ್ದಾರೆ.

ವಿಜಯಪುರದ ವಕೀಲ ಫ. ಗು. ಹಳಕಟ್ಟಿಯವರದು ಬೇರೆ ಬಗೆ. ತಾಳೆಗರಿಯ ಕಟ್ಟುಗಳಲ್ಲಿ ವಚನಗಳನ್ನು ಓದಿದ ಅವರು ಊರೂರು, ಮಠಮಠ ಅಲೆದು ಮತ್ತಷ್ಟು ಕಟ್ಟುಗಳನ್ನು ಕೂಡಿಸಿದರು. 1923ರಲ್ಲಿ ‘ವಚನಶಾಸ್ತ್ರಸಾರ’ದ ಮೊದಲ ಭಾಗ ಹೊರಬಂತು. ಮನೆ ಮಾರಿ ಹಿತಚಿಂತಕ ಮುದ್ರಣಾಲಯ ಹಾಕಿದರು, 1926ರಲ್ಲಿ ‘ಶಿವಾನುಭವ’ ಪತ್ರಿಕೆ ತಂದರು. ವಕೀಲಿಕೆಯ ದುಡ್ಡೆಲ್ಲ ಅಚ್ಚಿನ ಕೆಲಸಕ್ಕೆ ಹೋಯಿತು, ಬಡತನ ಬಂತು. ಆದರೆ ಮಠದ ಗಂಟುಗಳಲ್ಲಿ ಗೆದ್ದಲು ಹಿಡಿಯುತ್ತಿದ್ದ ಮಾತುಗಳು ಸಾಮಾನ್ಯ ಕನ್ನಡಿಗನ ಕೈಗೆ ಸಿಕ್ಕವು. ಹೀಗೆ ಉಳಿದು ಬಂದ ವಚನಕಾರರಲ್ಲಿ ಒಬ್ಬನಿಗೂ ಕೊಯಮತ್ತೂರು ಸೀಮೆಯ ಕನ್ನಡ ಮನೆಗಳಿಗೂ ನೇರ ಸಂಬಂಧವಿದೆ.

ಆ ಸಂಬಂಧ ಹೇಳುವ ಮೊದಲು ಈ ಮನೆಗಳ ಸ್ಥಿತಿ ಹೇಳಬೇಕು. ಕೊಯಮತ್ತೂರು 1799ರವರೆಗೆ ಮೈಸೂರು ಅರಸೊತ್ತಿಗೆಯ ಕೈಯಲ್ಲಿತ್ತು. ಅದಕ್ಕೂ ಮೊದಲಿನ ವಿಜಯನಗರದ ಕಾಲದಿಂದಲೂ ಘಟ್ಟದ ಮೇಲಿನ ಜನ ಇಲ್ಲಿಗೆ ಇಳಿದು ಬಂದಿದ್ದಾರೆ. ಮಗ್ಗ ಹೂಡಿದ ದೇವಾಂಗದವರು, ಹೊಲ ಹಿಡಿದ ಒಕ್ಕಲಿಗರು ಕೊಯಮತ್ತೂರು, ತಿರುಪ್ಪೂರು ಎರಡೂ ಜಿಲ್ಲೆಗಳಲ್ಲಿ ತಲೆತಲಾಂತರದಿಂದ ನೆಲೆಸಿದ್ದಾರೆ. ಸಿರುಮುಗೈಯ ಮೆದು ರೇಷ್ಮೆ ಸೀರೆ, ನೆಗಮಂನ ಹತ್ತಿ ಸೀರೆ ನೇಯುವವರಲ್ಲಿ ಎಷ್ಟೋ ಮಂದಿ ಮನೆಯೊಳಗೆ ಕನ್ನಡವನ್ನೇ ಆಡುತ್ತಾರೆ. ಹೊಸ್ತಿಲು ದಾಟಿದರೆ ತಮಿಳು. ಕುಲದೇವತೆ ಚೌಡೇಶ್ವರಿ ಇಲ್ಲಿ ಸೌಡಾಂಬಿಕೆ ಅಮ್ಮನಾಗಿದ್ದಾಳೆ, ಹಬ್ಬದ ಆಮಂತ್ರಣವೂ ಮದುವೆ ಕರೆಯೋಲೆಯೂ ತಮಿಳು ಲಿಪಿಯಲ್ಲೇ ಅಚ್ಚಾಗುತ್ತವೆ. ಇದರಲ್ಲಿ ತಪ್ಪೇನೂ ಇಲ್ಲ. ಇರುವ ನಾಡಿನ ಭಾಷೆಯನ್ನು ತಮ್ಮದಾಗಿಸಿಕೊಂಡದ್ದು ಈ ಜನರ ಹಿರಿಮೆ.

ಕರ್ನಾಟಕದ ಓದುಗರಿಗೆ ಸಿಂಗಾನಲ್ಲೂರು ಎಂದೊಡನೆ ನೆನಪಾಗುವುದು ಸಿಂಗಾನಲ್ಲೂರು ಪುಟ್ಟಸ್ವಾಮಯ್ಯ ಮುತ್ತುರಾಜ್, ಅಂದರೆ ನಟ ಡಾ. ರಾಜ್‌ಕುಮಾರ್. ಅವರ ಹೆಸರಿನಲ್ಲಿರುವ ಸಿಂಗಾನಲ್ಲೂರು ಕೊಳ್ಳೇಗಾಲ ಸೀಮೆಯ ಹಳ್ಳಿ, ಕೊಯಮತ್ತೂರಿನ ತಿರುಚ್ಚಿ ರಸ್ತೆಯ ಬಡಾವಣೆ ಅಲ್ಲ. ಆದರೆ ಕೊಳ್ಳೇಗಾಲವೂ ಅವರು 1929ರಲ್ಲಿ ಹುಟ್ಟಿದ ದೊಡ್ಡ ಗಾಜನೂರೂ ಆಗ ಕೊಯಮತ್ತೂರು ಜಿಲ್ಲೆಗೇ ಸೇರಿದ್ದವು. 1956ರ ನವೆಂಬರ್ 1ರಂದು ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಹೋಯಿತು, ದೊಡ್ಡ ಗಾಜನೂರಿರುವ ತಾಳವಾಡಿ ಭಾಗ ಮದರಾಸಿನಲ್ಲಿ ಉಳಿಯಿತು. ಒಂದೇ ಜಿಲ್ಲೆಯ ಎರಡು ಸಿಂಗಾನಲ್ಲೂರುಗಳಲ್ಲಿ ಒಂದಕ್ಕೆ ಕನ್ನಡ ಶಾಲೆ ಸಿಕ್ಕಿತು, ಇನ್ನೊಂದರ ಕನ್ನಡ ಮನೆಗಳಿಗೆ ಬಾಯಿಮಾತು ಮಾತ್ರ ಉಳಿಯಿತು.

ಸಂವಿಧಾನದ 350ಎ ವಿಧಿ ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯ ಕಲಿಕೆಗೆ ಅನುಕೂಲ ಮಾಡಿಕೊಡಬೇಕೆನ್ನುತ್ತದೆ. ತಾಳವಾಡಿ, ಹೊಸೂರು ಕಡೆ ಕನ್ನಡ ಶಾಲೆಗಳಿವೆ. 2006ರ ತಮಿಳು ಕಲಿಕಾ ಕಾಯ್ದೆಯ ಬಳಿಕ ಹತ್ತನೆಯ ತರಗತಿವರೆಗೆ ತಮಿಳು ಹಂತಹಂತವಾಗಿ ಕಡ್ಡಾಯವಾಯಿತು. ಶಾಲೆಯ ಪ್ರಶ್ನೆ ದೊಡ್ಡದು, ಸರ್ಕಾರಗಳ ಮಟ್ಟದ್ದು. ಈ ಪತ್ರಕ್ಕೆ ಬೇಕಾದದ್ದು ಶಾಲೆಯನ್ನು ಕಾಯದೆ ಮನೆಯಲ್ಲೇ ತೊಡಗಬಹುದಾದ ಕೆಲಸ: ಮನೆಮಾತಿನ ಅಕ್ಷರ ಕಲಿಯುವುದು, ಓದುವುದು.

ಇನ್ನು ಆ ವಚನಕಾರ. ಇಂದಿನ ಯಾದಗಿರಿ ಜಿಲ್ಲೆಯ ಮುದನೂರಿನ ಜೇಡರ ದಾಸಿಮಯ್ಯ ಬಸವಣ್ಣನವರಿಗೂ ಹಿಂದಿನವನು, ಹೆಸರು ತಿಳಿದಿರುವ ವಚನಕಾರರಲ್ಲಿ ಆದ್ಯನೆಂದು ಪರಿಗಣಿತನಾದವನು. ಕಸುಬು ನೇಯ್ಗೆ, ಅಂಕಿತ ರಾಮನಾಥ. ದೇವಾಂಗ ಪರಂಪರೆ ಅವನನ್ನು ದೇವರ ದಾಸಿಮಯ್ಯನೆಂದು ತನ್ನ ಗುರುವಾಗಿ ಕಾಣುತ್ತದೆ. ಅವನ ವಚನಗಳು ನಾಲ್ಕೈದು ಸಾಲಿನವು, ಮಾತು ನೇರ. ಉಳ್ಳವರ ಸೊಕ್ಕು, ಗಂಡು ಹೆಣ್ಣೆಂಬ ಭೇದ, ಹಸಿವು, ದುಡಿಮೆ ಇವು ಅಲ್ಲಿ ಬರುತ್ತವೆ. ಮೈಸೂರಿನಲ್ಲಿ ತಮಿಳು ಮನೆಮಾತಿನ ಕುಟುಂಬದಲ್ಲಿ ಹುಟ್ಟಿದ ಎ. ಕೆ. ರಾಮಾನುಜನ್ 1973ರಲ್ಲಿ ‘ಸ್ಪೀಕಿಂಗ್ ಆಫ್ ಶಿವ’ ಎಂಬ ಸಂಕಲನದಲ್ಲಿ ಬಸವಣ್ಣ, ಅಕ್ಕ, ಅಲ್ಲಮರ ಜೊತೆ ಈ ನೇಕಾರನನ್ನೂ ಇಂಗ್ಲಿಷಿಗೆ ಕೊಂಡೊಯ್ದರು. ಇಂದು ಅಮೆರಿಕದ ವಿದ್ಯಾರ್ಥಿಯೊಬ್ಬ ದಾಸಿಮಯ್ಯನನ್ನು ಓದಬಲ್ಲ. ಅವನದೇ ಕಸುಬು, ಅವನದೇ ಮಾತು ಉಳಿಸಿಕೊಂಡ ಸಿಂಗಾನಲ್ಲೂರಿನ ಕಡೆಯ ತರುಣನಿಗೆ ಮೂಲದ ಒಂದು ಸಾಲೂ ಕಣ್ಣಿಗೆ ಹತ್ತುವುದಿಲ್ಲ. ಇದು ನೋವಿನ ಸಂಗತಿ. ಆದರೆ ಇದನ್ನು ಸರಿಪಡಿಸಲು ಬಹಳ ಕಾಲ ಬೇಕಿಲ್ಲ.

ರಾಮಾನುಜನ್ ಒಬ್ಬರೇ ಅಲ್ಲ. ಮಾಸ್ತಿ ವೆಂಕಟೇಶ ಅಯ್ಯಂಗಾರ್, ಟಿ. ಪಿ. ಕೈಲಾಸಂ, ಪು. ತಿ. ನರಸಿಂಹಾಚಾರ್ ಮೂವರ ಮನೆಯಲ್ಲೂ ಆಡುತ್ತಿದ್ದದ್ದು ತಮಿಳು. ಅಕ್ಷರದಿಂದ, ಓದಿನಿಂದ, ನೆರೆಹೊರೆಯಿಂದ ಕನ್ನಡ ಅವರದಾಯಿತು. ಹೊಸಗನ್ನಡದ ಸಣ್ಣಕತೆ, ನಾಟಕ, ಗೀತನಾಟಕಗಳು ಅವರ ಕೈಯಲ್ಲಿ ರೂಪುಗೊಂಡವು. ನಮ್ಮ ಕಾಲದಲ್ಲೂ ಇದು ನಡೆದಿದೆ. ದೂರಸಂಪರ್ಕ ಇಲಾಖೆಯ ಕೆಲಸಕ್ಕಾಗಿ ಕರ್ನಾಟಕಕ್ಕೆ ಬಂದ ತಮಿಳು ಲೇಖಕ ಪಾವಣ್ಣನ್ ಅಲ್ಲಿಯೇ ಕನ್ನಡ ಕಲಿತು ಓದಲು ತೊಡಗಿದರು. ಎಸ್. ಎಲ್. ಭೈರಪ್ಪನವರ ‘ಪರ್ವ’ವನ್ನು ತಮಿಳಿಗೆ ತಂದದ್ದಕ್ಕೆ ಸಾಹಿತ್ಯ ಅಕಾಡೆಮಿಯ ಅನುವಾದ ಪ್ರಶಸ್ತಿ ಅವರಿಗೆ ಬಂತು. ನೇಮಿಚಂದ್ರರ ‘ಯಾದ್ ವಶೇಮ್’ ಕಾದಂಬರಿಯ ತಮಿಳು ಅನುವಾದಕ್ಕಾಗಿ ಕೆ. ನಲ್ಲತಂಬಿ ಅದೇ ಪ್ರಶಸ್ತಿ ಪಡೆದರು. ತಮಿಳು ಮನೆಮಾತಿನವರಿಗೆ ಕನ್ನಡದ ಅಕ್ಷರ ಇಷ್ಟೆಲ್ಲ ಬಾಗಿಲು ತೆರೆದಿರುವಾಗ, ಕನ್ನಡವೇ ಮನೆಮಾತಾದವರು ಹಿಂಜರಿಯಲು ಕಾರಣವಿಲ್ಲ. ಎರಡೂ ಭಾಷೆ ಹುಟ್ಟಿನಿಂದ ಬಲ್ಲ ಕೊಯಮತ್ತೂರಿನ ಯುವಕ ಯುವತಿಯರು ಓದಲು ಕಲಿತರೆ, ಅನುವಾದಕ್ಕೆ ಅವರಷ್ಟು ಸಿದ್ಧರಾದವರು ಬೇರೆಡೆ ಸಿಗುವುದು ಅಪರೂಪ. ಇದು ಕಾಣುವಂಥ ಹೊಸ ಆರಂಭ, ಒಂದಿಷ್ಟು ಸಂಪಾದನೆಯ ದಾರಿಯೂ ಹೌದು.

ಕಲಿಕೆಯ ಕಷ್ಟ ಎಷ್ಟು ಎಂಬುದನ್ನು ಬಿಡಿಸಿ ನೋಡಬಹುದು. ತಮಿಳು ಓದಬಲ್ಲವರಿಗೆ ಕನ್ನಡ ಲಿಪಿಯ ವ್ಯವಸ್ಥೆ ಅರ್ಧ ಮೊದಲೇ ಗೊತ್ತು. ತಮಿಳಿನ ಹನ್ನೆರಡು ಸ್ವರಗಳೂ ಕನ್ನಡದಲ್ಲಿವೆ, ಹ್ರಸ್ವ ದೀರ್ಘದ ಎ ಏ, ಒ ಓ ಸೇರಿ. ವ್ಯಂಜನಕ್ಕೆ ಸ್ವರ ಸೇರಿಸಿ ಕಾಗುಣಿತ ಮಾಡುವ ರೀತಿಯೂ ಒಂದೇ. ಹೊಸದಾಗಿ ಕಲಿಯಬೇಕಾದದ್ದು ವರ್ಗಾಕ್ಷರ. ತಮಿಳು ಒಂದೇ ಅಕ್ಷರದಿಂದ ನಡೆಸುವ ಕ, ಗ ಧ್ವನಿಗಳಿಗೆ ಕನ್ನಡದಲ್ಲಿ ಬೇರೆ ಬೇರೆ ಅಕ್ಷರಗಳಿವೆ, ಜೊತೆಗೆ ಮಹಾಪ್ರಾಣಗಳೂ ಇವೆ. ಆದರೆ ಕಾಳಿಗೂ ಗಾಳಿಗೂ ಇರುವ ವ್ಯತ್ಯಾಸ ಈ ಮನೆಗಳ ನಾಲಿಗೆಗೆ ಹುಟ್ಟಿನಿಂದ ಬಂದದ್ದು. ಬಾಯಲ್ಲಿ ಇರುವುದಕ್ಕೆ ಕಣ್ಣಿನ ಗುರುತು ಹಚ್ಚಿಕೊಂಡರೆ ಸಾಕು. ನಿಜವಾಗಿ ತಡವರಿಸುವಂತೆ ಮಾಡುವುದು ಒತ್ತಕ್ಷರ. ತಮಿಳಿನಲ್ಲಿ ಅಕ್ಷರದ ಮೇಲೆ ಚುಕ್ಕಿಯಿಟ್ಟು ಮುಂದಿನ ಅಕ್ಷರವನ್ನು ಪಕ್ಕದಲ್ಲೇ ಬರೆದರಾಯಿತು, ಕನ್ನಡದಲ್ಲಿ ಎರಡನೆಯದು ಕೆಳಗಿಳಿದು ಆಕಾರ ಬದಲಿಸುತ್ತದೆ. ಅಮ್ಮ, ಅಪ್ಪ, ಅಕ್ಕ, ಅಣ್ಣ, ಅಜ್ಜ, ಹಳ್ಳಿ, ಎಣ್ಣೆ, ಬೆಲ್ಲ ಎಂಬ ದಿನಬಳಕೆಯ ಮಾತುಗಳಿಂದಲೇ ಒತ್ತುಗಳನ್ನು ತೊಡಗಿದರೆ ಅದು ಬೇಗ ಕೈವಶವಾಗುತ್ತದೆ. ವರ್ಣಮಾಲೆಯನ್ನು ಮೊದಲಿನಿಂದ ಕೊನೆಯವರೆಗೆ ಬಾಯಿಪಾಠ ಮಾಡಿಸಿ, ಋ, ಙ, ಞಗಳಲ್ಲಿ ಜನರನ್ನು ದಣಿಸುವ ಹಳೆಯ ಕ್ರಮ ದೊಡ್ಡವರಿಗೆ ಒಗ್ಗುವುದಿಲ್ಲ.

ವಯಸ್ಸು ಮೀರಿತು ಎಂಬ ಅಂಜಿಕೆಗೂ ಉತ್ತರವಿದೆ. ಲಖನೌ ಸಮೀಪದ ಹಳ್ಳಿಗಳಲ್ಲಿ ಅಕ್ಷರ ಕಲಿಯದ ವಯಸ್ಕರಿಗೆ, ಹೆಚ್ಚಿನವರು ಹೆಣ್ಣುಮಕ್ಕಳು, ಆರು ತಿಂಗಳು ದೇವನಾಗರಿ ಓದು ಕಲಿಸಿ ಮಿದುಳಿನ ಚಿತ್ರಗಳನ್ನು ಹೋಲಿಸಿದ ಅಧ್ಯಯನವೊಂದು 2017ರಲ್ಲಿ ಪ್ರಕಟವಾಯಿತು. ಮಿದುಳಿನ ಹೊರಪದರದಲ್ಲಿ ಮಾತ್ರವಲ್ಲ, ಆಳದ ಥಾಲಮಸ್ ಮತ್ತು ಮಿದುಳ ಕಾಂಡದಲ್ಲೂ ಬದಲಾವಣೆ ಕಂಡಿತು. ಅವರು ಮೊದಲಿನಿಂದ ತೊಡಗಿದವರು. ತಮಿಳು ಓದು ಬರಹ ಬಲ್ಲವರಿಗೆ ಕಣ್ಣಿನ ಪಳಗಿಕೆ ಆಗಲೇ ಇದೆ.

ಅಕ್ಷರ ಬರುವವರೆಗೆ ಓದು ಕಾಯಬೇಕಿಲ್ಲ. ಒಬ್ಬರು ಓದಿ ಹಲವರು ಕೇಳುವುದು ಕನ್ನಡದ ಹಳೆಯ ರೂಢಿ. ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ ಕನ್ನಡ ಜನರನ್ನು ಹೊಗಳುವಾಗ, ಓದು ಕಲಿಯದಿದ್ದರೂ ಕಾವ್ಯದಲ್ಲಿ ನುರಿತವರು ಎನ್ನುತ್ತದೆ. ಹಳ್ಳಿಯ ಚಾವಡಿಯಲ್ಲಿ ಗಮಕಿ ಕುಮಾರವ್ಯಾಸನನ್ನೋ ಲಕ್ಷ್ಮೀಶನನ್ನೋ ವಾಚಿಸಿ, ಪಕ್ಕದಲ್ಲಿ ಕೂತವರು ಅರ್ಥ ಹೇಳುತ್ತಿದ್ದರು. ಅಕ್ಷರ ಬಲ್ಲವನು ಊರಿಗೊಬ್ಬನಿದ್ದರೂ ಊರೆಲ್ಲ ಕಾವ್ಯ ಬಲ್ಲದ್ದಾಗಿತ್ತು.

ದುಡಿಮೆಯ ಜಾಗಕ್ಕೂ ಓದು ಬಂದಿದೆ. ಕ್ಯೂಬಾದ ಹವಾನಾದ ಚುಟ್ಟಾ ಕಾರ್ಖಾನೆಗಳಲ್ಲಿ 1865ರ ಹೊತ್ತಿಗೆ ಕೆಲಸಗಾರರೇ ತಮ್ಮ ಕೂಲಿಯಿಂದ ಹಣ ಕೂಡಿಸಿ ಓದುಗನನ್ನು ಇಟ್ಟುಕೊಂಡರು. ಎಲೆ ಸುತ್ತುವ ಕೈ ಸುತ್ತುತ್ತಿರುತ್ತದೆ, ಕಿವಿ ಕಾದಂಬರಿ ಕೇಳುತ್ತಿರುತ್ತದೆ. ಮರುವರ್ಷವೇ ಆಳುವವರು ಅದನ್ನು ನಿಷೇಧಿಸಿದರು. ಅಷ್ಟು ದೂರ ಹೋಗಬೇಕೆಂದಿಲ್ಲ, ಪಾಲಕ್ಕಾಡಿನ ಆಚೆಯ ಕಣ್ಣೂರಿನ ಬೀಡಿ ಕೆಲಸದ ಜಾಗಗಳಲ್ಲೂ ಇದೇ ಪದ್ಧತಿಯಿತ್ತು. 1969ರಲ್ಲಿ ಹುಟ್ಟಿದ ಕೇರಳ ದಿನೇಶ್ ಬೀಡಿ ಸಹಕಾರ ಸಂಘದಲ್ಲಿ ಕೆಲಸಗಾರರಲ್ಲೊಬ್ಬರು ಪತ್ರಿಕೆ, ಕತೆ, ಕಾದಂಬರಿಗಳನ್ನು ಗಟ್ಟಿಯಾಗಿ ಓದುತ್ತಿದ್ದರು, ಅವರ ಪಾಲಿನ ಬೀಡಿಯನ್ನು ಉಳಿದವರು ಸುತ್ತಿಕೊಡುತ್ತಿದ್ದರು. ಓದಿದವನ ಕೂಲಿ ಕಡಿಮೆಯಾಗದಂತೆ ನೋಡಿಕೊಂಡ ಈ ಏರ್ಪಾಡು ಎಷ್ಟು ನ್ಯಾಯವಾದದ್ದು ಎಂಬುದನ್ನು ದುಡಿಯುವವರಿಗೆ ಬಿಡಿಸಿ ಹೇಳಬೇಕಿಲ್ಲ.

ಸೋಮನೂರು, ಪಲ್ಲಡಂ ಕಡೆಯ ಪವರ್‌ಲೂಮ್ ಕೊಟ್ಟಿಗೆಯಲ್ಲಿ ಇದು ಆಗದ ಮಾತು. ಅಲ್ಲಿನ ಸದ್ದಿಗೆ ಪಕ್ಕದವರ ಕೂಗೂ ಕೇಳಿಸದು. ಕೈಮಗ್ಗದ ಮನೆ ಹಾಗಲ್ಲ. ಹಳೆಯ ಹಾಸು ಮುಗಿಯುತ್ತ ಬಂದಾಗ ಹೊಸ ಹಾಸಿನ ಒಂದೊಂದು ಎಳೆಯನ್ನೂ ಹಳೆಯ ಎಳೆಯ ತುದಿಗೆ ಬೆರಳಲ್ಲಿ ಹೊಸೆದು ಕೂಡಿಸಬೇಕು. ಸೀರೆಯ ಹಾಸಿನಲ್ಲಿ ಸಾವಿರಗಟ್ಟಲೆ ಎಳೆ. ಮಗ್ಗ ನಿಂತಿರುತ್ತದೆ, ಲಾಳಿ ಸುಮ್ಮನಿರುತ್ತದೆ. ಕಣ್ಣು ಬೆರಳುಗಳಿಗಷ್ಟೇ ಕೆಲಸ, ಗಂಟೆಗಟ್ಟಲೆ ಕೂರಬೇಕು. ಕಂಡಿಕೆ ಸುತ್ತುವಾಗಲೂ ರಾಟೆಯ ಸದ್ದು ಮೆಲ್ಲಗಿನದು. ಇಂಥ ಹೊತ್ತಿನಲ್ಲಿ ಮನೆಯ ಹುಡುಗಿಯೊಬ್ಬಳು ದಾಸಿಮಯ್ಯನ ವಚನಗಳನ್ನೋ ಮಾಸ್ತಿಯವರ ಕತೆಯನ್ನೋ ನಿಧಾನವಾಗಿ ಓದಿದರೆ ಕೇಳುವುದಕ್ಕೆ ಕಿವಿಗಳು ಬಿಡುವಾಗಿವೆ. ತಡವರಿಸಿದಲ್ಲಿ ಅಜ್ಜಿ ಮಾತು ತಿದ್ದುತ್ತಾಳೆ. ಅಜ್ಜಿಗೆ ಅಕ್ಷರ ಗೊತ್ತಿಲ್ಲ, ಭಾಷೆ ಗೊತ್ತು. ಮೊಮ್ಮಗಳಿಗೆ ಅಕ್ಷರ ಗೊತ್ತು, ಹಳೆಯ ಮಾತುಗಳು ಗೊತ್ತಿಲ್ಲ. ಇಬ್ಬರೂ ಸೇರಿದರೆ ಒಬ್ಬ ಪೂರ್ತಿ ಓದುಗ. ಈ ಪತ್ರವನ್ನೂ ಓದಬಲ್ಲವರು ಹೀಗೆಯೇ ಓದಲಾರದವರಿಗೆ ಗಟ್ಟಿಯಾಗಿ ಓದಿ ಹೇಳಬೇಕೆಂಬುದು ಕೋರಿಕೆ.

ಯಾವ ಪುಸ್ತಕದಿಂದ ತೊಡಗಬೇಕು ಎಂಬುದಕ್ಕೆ ಒಂದೇ ಉತ್ತರವಿಲ್ಲ. ಚಿಕ್ಕವರಿಗೆ ಪಂಜೆ ಮಂಗೇಶರಾಯರ, ಜಿ. ಪಿ. ರಾಜರತ್ನಂ ಅವರ ಮಕ್ಕಳ ಪದ್ಯಗಳು ಒಳ್ಳೆಯ ಮೆಟ್ಟಿಲು. ಹಾಡಿನಂತಿರುವುದರಿಂದ ಅಕ್ಷರಕ್ಕಿಂತ ಮುಂದೆ ನಾಲಿಗೆ ಓಡುತ್ತದೆ. ದೊಡ್ಡವರಿಗೆ ವಚನಗಳೇ ಸೂಕ್ತ, ಒಂದು ಸಲ ಕೂತರೆ ಒಂದು ಮುಗಿಯುತ್ತದೆ, ಮುಗಿಸಿದ ತೃಪ್ತಿ ಸಿಗುತ್ತದೆ. ಆಮೇಲೆ ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ದಂಥ ತಿಳಿಯಾದ ಗದ್ಯ. ಗ್ರಂಥಸ್ಥ ಕನ್ನಡಕ್ಕೂ ಕೊಯಮತ್ತೂರಿನ ಮನೆಗನ್ನಡಕ್ಕೂ ಅಂತರವಿರುವುದರಿಂದ ಮೊದಲ ಪುಟಗಳು ಪರಕೀಯ ಅನ್ನಿಸಬಹುದು. ಆಗ, ನಮ್ಮ ಮಾತು ಸರಿಯಲ್ಲ ಎಂಬ ಸಂಕೋಚ ಬರುತ್ತದೆ. ಆ ಸಂಕೋಚ ಬೇಡ. ಧಾರವಾಡದವರಿಗೂ ಕುಂದಾಪುರದವರಿಗೂ ಶಾಲೆಯ ಪುಸ್ತಕದ ಭಾಷೆ ಮನೆಯ ಭಾಷೆಯಲ್ಲ. ಓದುತ್ತ ಓದುತ್ತ ಎರಡೂ ಅವರವಾದವು. ಕೊಯಮತ್ತೂರಿನ ಕನ್ನಡ ಸೋತ ಕನ್ನಡವಲ್ಲ, ಶಾಲೆಯ ನೆರವಿಲ್ಲದೆ ತಲೆಮಾರುಗಳನ್ನು ದಾಟಿ ಬಂದ ಗಟ್ಟಿ ಕನ್ನಡ.

ಓದು ಏನನ್ನು ಮಾಡಲಾರದು ಎಂಬುದನ್ನೂ ಹೇಳಬೇಕು. 2020ರ ಮಾರ್ಚಿನಲ್ಲಿ ಲಾಕ್‌ಡೌನ್‌ಗೆ ನಿಂತ ಕೊಯಮತ್ತೂರಿನ ರಾಷ್ಟ್ರೀಯ ಜವಳಿ ನಿಗಮದ (ಎನ್‌ಟಿಸಿ) ಗಿರಣಿಗಳ ಕೆಲಸಗಾರರು ವರ್ಷಗಟ್ಟಲೆ ಕಾದರು. ಅಂಥವರಿಗೆ ಒಂದು ಒಳ್ಳೆಯ ಕಾದಂಬರಿ ಓದಿ ಎಂದು ಹೇಳುವುದು ಕ್ರೌರ್ಯ. ಕೂಲಿ, ನೂಲಿನ ಬೆಲೆ, ಸಾಲ ಇವುಗಳಿಗೆ ಸಂಘಟನೆ ಬೇಕು, ಸರ್ಕಾರದ ಕ್ರಮ ಬೇಕು. ಆದರೆ ಆ ಸಂಘಟನೆಗಳೇ ಓದಿನಿಂದ ಬೆಳೆದವು ಎಂಬುದು ಈ ನಗರದ ಚರಿತ್ರೆ. ದ್ರಾವಿಡ ಚಳವಳಿಯವರೂ ಎಡಪಂಥದವರೂ ಬೀದಿ ಮೂಲೆಗಳಲ್ಲಿ ನಡೆಸಿದ ‘ಪಡಿಪ್ಪಗಂ’ ಎಂಬ ಓದುಮನೆಗಳಲ್ಲಿ ಪಾಳಿ ಮುಗಿಸಿದ ಗಿರಣಿ ಕೆಲಸಗಾರ ಬೆಂಚಿನ ಮೇಲೆ ಕೂತು ಪತ್ರಿಕೆ ಓದಿದ, ಓದಿ ಹೇಳಿದ, ವಾದ ಮಾಡಿದ. ತನ್ನ ಕಷ್ಟ ತನ್ನೊಬ್ಬನದಲ್ಲ ಎಂದು ತಿಳಿದದ್ದು ಅಲ್ಲಿಯೇ.

ಪುಸ್ತಕ ಎಲ್ಲಿಂದ ತರುವುದು? ಇದಕ್ಕೆ ದಾರಿ ತೋರಿದವರೂ ಇದೇ ಸೀಮೆಯವರು. ತಿರುಪ್ಪೂರಿನಲ್ಲಿ ಹುಟ್ಟಿ, ಕೊಯಮತ್ತೂರಿನಲ್ಲಿ ಶ್ರೀ ರಾಮಕೃಷ್ಣ ವಿದ್ಯಾಲಯ ಕಟ್ಟಿದ ಟಿ. ಎಸ್. ಅವಿನಾಶಿಲಿಂಗಂ ಚೆಟ್ಟಿಯಾರ್ ಮದರಾಸು ಪ್ರಾಂತ್ಯದ ಶಿಕ್ಷಣ ಸಚಿವರಾಗಿದ್ದಾಗ, 1948ರಲ್ಲಿ ಸಾರ್ವಜನಿಕ ಗ್ರಂಥಾಲಯ ಕಾಯ್ದೆ ಬಂತು. ಸ್ವತಂತ್ರ ಭಾರತದಲ್ಲಿ ಇಂಥ ಕಾಯ್ದೆ ಅದೇ ಮೊದಲು. ಅದರ ಹಿಂದೆ ಗ್ರಂಥಾಲಯ ತಜ್ಞ ಎಸ್. ಆರ್. ರಂಗನಾಥನ್ ಅವರ ಚಿಂತನೆ, ದುಡಿಮೆ ಇತ್ತು. ಮನೆ ತೆರಿಗೆಯ ಜೊತೆ ಗ್ರಂಥಾಲಯ ಕರವನ್ನೂ ಸೇರಿಸಿ ವಸೂಲಿ ಮಾಡುವ ಏರ್ಪಾಡು ಆಗ ಬಂದದ್ದು, ಇಂದಿಗೂ ಇದೆ. ಸ್ವಂತ ಮನೆಯುಳ್ಳ ಪ್ರತಿ ಕನ್ನಡ ಕುಟುಂಬವೂ ಗ್ರಂಥಾಲಯಕ್ಕೆ ಹಣ ಕೊಡುತ್ತಲೇ ಬಂದಿದೆ. ಅಲ್ಲಿ ತನ್ನ ಮನೆಮಾತಿನ ಪುಸ್ತಕ ಕೇಳುವುದು ಬೇಡುವುದಲ್ಲ, ಹಕ್ಕು.

ಕೊಯಮತ್ತೂರಿನ ಜಿಲ್ಲಾ ಕೇಂದ್ರ ಗ್ರಂಥಾಲಯ ಆರ್. ಎಸ್. ಪುರದಲ್ಲಿದೆ, ಬಡಾವಣೆಗಳಲ್ಲಿ ಶಾಖೆಗಳಿವೆ. ತಮಿಳುನಾಡಿನ ಗ್ರಂಥಾಲಯಗಳಲ್ಲಿ ‘ವಾಸಗರ್ ವಟ್ಟಂ’ ಎಂಬ ಓದುಗರ ಬಳಗದ ಪದ್ಧತಿಯಿದೆ. ಗ್ರಂಥಪಾಲಕರ ಜೊತೆ ಕೂತು ಸಭೆ ನಡೆಸುವುದು, ಬೇಕಾದ ಪುಸ್ತಕ ಸೂಚಿಸುವುದು, ದಾನಿಗಳನ್ನು ಹುಡುಕುವುದು ಆ ಬಳಗದ ಕೆಲಸ. ಒಬ್ಬೊಬ್ಬರೇ ಹೋಗಿ ಕನ್ನಡ ಪುಸ್ತಕವಿಲ್ಲವೇ ಎಂದು ಕೇಳಿ ಮರಳುವುದಕ್ಕಿಂತ, ಹತ್ತು ಮನೆಯವರು ಸದಸ್ಯರಾಗಿ ವಟ್ಟಂನೊಳಗಿಂದ ಒಂದು ಕಪಾಟು ಕನ್ನಡಕ್ಕೆ ಕೇಳಿದರೆ ಕೆಲಸ ಸುಲಭ. ತಮಿಳಿನ ಒಳ್ಳೆಯ ಅನುವಾದಗಳೂ ಅದೇ ಕಪಾಟಿನಲ್ಲಿರಲಿ. ಪಾವಣ್ಣನ್ ಅವರ ತಮಿಳು ‘ಪರುವಂ’ ಪಕ್ಕದಲ್ಲಿ ಕನ್ನಡದ ‘ಪರ್ವ’ ಇದ್ದರೆ, ತಮಿಳಿನಲ್ಲಿ ಓದಿದ್ದನ್ನು ಕನ್ನಡದಲ್ಲಿ ಹುಡುಕಿಕೊಂಡು ಓದುವವರಿಗೆ ಅದೇ ಪಾಠಪುಸ್ತಕವಾಗುತ್ತದೆ.

ಕೊಯಮತ್ತೂರಿನಿಂದ ಮೈಸೂರಿಗೂ ಚಾಮರಾಜನಗರಕ್ಕೂ ಸತ್ಯಮಂಗಲ, ದಿಂಬಂ ಘಟ್ಟದ ದಾರಿಯಲ್ಲಿ ದಿನವೂ ಬಸ್ಸುಗಳು ಓಡಾಡುತ್ತವೆ. ನೆಂಟರ ಮನೆಗೆ, ಮಲೆ ಮಾದಪ್ಪನ ಬೆಟ್ಟಕ್ಕೆ, ಚಾಮುಂಡಿ ಬೆಟ್ಟಕ್ಕೆ ಹೋಗಿ ಬರುವವರು ಪ್ರಸಾದದ ಜೊತೆ ಒಂದು ಕನ್ನಡ ಅಂಕಲಿಪಿ, ಒಂದು ವಚನ ಸಂಪುಟ ತರುವುದು ಭಾರವಲ್ಲ. ಅಂಕಲಿಪಿ ಮಗುವಿಗೆಂದು ತಂದರೂ ಅಪ್ಪ ಅಮ್ಮಂದಿರೂ ಅದರಲ್ಲೇ ಕಲಿಯಬಹುದು. ದೇವಸ್ಥಾನದ ಆಡಳಿತ ಮಂಡಳಿಗಳು ಹಬ್ಬದ ಆಮಂತ್ರಣದಲ್ಲಿ ತಮಿಳಿನ ಕೆಳಗೆ ಎರಡು ಸಾಲು ಕನ್ನಡವನ್ನೂ ಅಚ್ಚು ಹಾಕಿಸಿದರೆ, ಅಕ್ಷರ ಕಲಿತವರಿಗೆ ಓದಲು ತಮ್ಮದೇ ಊರಿನ ಸುದ್ದಿಯೊಂದು ಸಿಗುತ್ತದೆ. ಕೆಲಸಕ್ಕೆಂದು ಕರ್ನಾಟಕದಿಂದ ಬಂದು ಇಲ್ಲಿ ನೆಲೆಸಿರುವ, ಕನ್ನಡ ಓದಬಲ್ಲ ಬ್ಯಾಂಕ್ ನೌಕರರು, ಶಿಕ್ಷಕರು, ಎಂಜಿನಿಯರುಗಳು ವಾರಕ್ಕೊಂದು ಸಂಜೆ ಕಲಿಸಲು ಮುಂದೆ ಬರಬೇಕು. ಚೌಡೇಶ್ವರಿ ಗುಡಿಯ ಜಗಲಿಯಾದರೂ ಸರಿ, ಯಾರದೋ ಮನೆಯ ಪಡಸಾಲೆಯಾದರೂ ಸರಿ, ಒಂದು ಕಪ್ಪು ಹಲಗೆ ಮತ್ತು ಹತ್ತು ಅಂಕಲಿಪಿ ಇದ್ದರೆ ಮೊದಲ ಪಾಠ ತೊಡಗಬಹುದು.


ಕನ್ನಡದ ಓದುಗರ ಪರವಾಗಿ